ಹತ್ತಿಯ ಜೊತೆ ಮದ್ದುಗುಂಡು: 1944ರ ಮುಂಬಯಿ ಬಂದರು ದುರಂತ

ಪ್ರತಿ ವರ್ಷ ಏಪ್ರಿಲ್ 14ರಿಂದ 20ರವರೆಗೆ ದೇಶದಾದ್ಯಂತ ಅಗ್ನಿಶಾಮಕ ಸೇವಾ ಸಪ್ತಾಹ ನಡೆಯುತ್ತದೆ. ಮೊದಲ ದಿನ ಸಿಬ್ಬಂದಿ ಸಾಲಾಗಿ ನಿಂತು ಮೌನ ಆಚರಿಸುತ್ತಾರೆ. ಮುಂದಿನ ದಿನಗಳಲ್ಲಿ ಶಾಲೆ, ಆಸ್ಪತ್ರೆ, ಕಾರ್ಖಾನೆಗಳಲ್ಲಿ ಅಣಕು ಪ್ರದರ್ಶನಗಳು ನಡೆಯುತ್ತವೆ. ಬಳ್ಳಾರಿಯ ಕಡು ಬೇಸಿಗೆಯಲ್ಲಿ, ಹತ್ತಿ ಮತ್ತು ಒಣ ಮೆಣಸಿನಕಾಯಿಯ ವಹಿವಾಟು ಕಂಡ ಊರಿನಲ್ಲಿ, ಬೆಂಕಿಯ ಬಗ್ಗೆ ಎಚ್ಚರ ಹೇಳಲು ಏಪ್ರಿಲ್ ತಿಂಗಳು ತಕ್ಕ ಕಾಲವೇ ಸರಿ. ಆದರೆ ಈ ದಿನವನ್ನು ಆರಿಸಿದ್ದು ಬೇಸಿಗೆಯ ಕಾರಣಕ್ಕಲ್ಲ. 1944ರ ಏಪ್ರಿಲ್ 14ರಂದು ಮುಂಬಯಿ ಬಂದರಿನಲ್ಲಿ ಒಂದು ಹಡಗು ಸಿಡಿಯಿತು. ಅದರ ಬೆಂಕಿ ಆರಿಸಲು ಹೋದ 66 ಮಂದಿ ಅಗ್ನಿಶಾಮಕರು ಮರಳಿ ಬರಲಿಲ್ಲ. ಸಪ್ತಾಹ ಅವರ ನೆನಪಿಗೆ.

ಭಾರತದ ಬಂದರುಗಳ ಇತಿಹಾಸದಲ್ಲೇ ಅತ್ಯಂತ ಭೀಕರವಾದ ಈ ದುರಂತಕ್ಕೆ ಮೂಲವಾದದ್ದು ಮದ್ದುಗುಂಡಲ್ಲ, ಹತ್ತಿಯ ಮೂಟೆ. ಬಳ್ಳಾರಿ, ಸಿರುಗುಪ್ಪ, ಕುರುಗೋಡು ಸೀಮೆಯ ಎರೆಭೂಮಿಯಲ್ಲಿ ಬೆಳೆಯುವ ಅದೇ ಹತ್ತಿ. ಹತ್ತಿ ಹೇಗೆ ಉರಿಯುತ್ತದೆ, ಸ್ಫೋಟಕ ಹೇಗೆ ಸಿಡಿಯುತ್ತದೆ, ಇವೆರಡನ್ನೂ ಒಂದೇ ಕಡೆ ಇಟ್ಟರೆ ಏನಾಗುತ್ತದೆ ಎಂಬುದನ್ನು ಈ ಘಟನೆಯಷ್ಟು ಸ್ಪಷ್ಟವಾಗಿ ತೋರಿಸುವ ಉದಾಹರಣೆ ಇನ್ನೊಂದಿಲ್ಲ.

ಯುದ್ಧಕಾಲದ ಮುಂಬಯಿ

1944ರಲ್ಲಿ ಎರಡನೆಯ ಮಹಾಯುದ್ಧ ಇನ್ನೂ ನಡೆದಿತ್ತು. ಜಪಾನಿ ಸೇನೆ ಇಂಫಾಲ ಮತ್ತು ಕೋಹಿಮಾದವರೆಗೆ ಬಂದಿತ್ತು. ಹಿಂದಿನ ವರ್ಷವಷ್ಟೇ ಬಂಗಾಳ ಘೋರ ಕ್ಷಾಮವನ್ನು ಕಂಡಿತ್ತು. ಯುದ್ಧಕ್ಕೆ ಬೇಕಾದ ಸಾಮಗ್ರಿ, ಜನರಿಗೆ ಬೇಕಾದ ಧಾನ್ಯ ಎರಡಕ್ಕೂ ಮುಂಬಯಿ ಬಂದರು ಹೆಬ್ಬಾಗಿಲಾಗಿತ್ತು.

ಆಗ ಕನ್ನಡ ನಾಡು ಹಲವು ಆಡಳಿತಗಳಲ್ಲಿ ಹಂಚಿಹೋಗಿತ್ತು. ಬಳ್ಳಾರಿ ಮದ್ರಾಸ್ ಪ್ರಾಂತದಲ್ಲಿತ್ತು. ಬೆಳಗಾವಿ, ಧಾರವಾಡ, ವಿಜಾಪುರ ಮತ್ತು ಕಾರವಾರದ ಜನರಿಗೆ ಮುಂಬಯಿಯೇ ರಾಜಧಾನಿ. ಹೋಟೆಲು, ಗಿರಣಿ, ಬಂದರುಗಳಲ್ಲಿ ದುಡಿಯಲು ಕರಾವಳಿಯಿಂದಲೂ ಉತ್ತರ ಕರ್ನಾಟಕದಿಂದಲೂ ಸಾವಿರಾರು ಕನ್ನಡಿಗರು ಅಲ್ಲಿ ನೆಲೆಸಿದ್ದರು. ದಖನಿನ ಎರೆಭೂಮಿಯ ಹತ್ತಿಗೂ ಮುಂಬಯಿಯ ಮಾರುಕಟ್ಟೆ, ಗಿರಣಿಗಳಿಗೂ ಹಳೆಯ ನಂಟು. ಹೀಗಾಗಿ ಆ ದುರಂತ ನಮಗೆ ದೂರದ ಊರಿನ ಸುದ್ದಿಯೇನೂ ಆಗಿರಲಿಲ್ಲ.

ಹಡಗು ಮತ್ತು ಅದರ ಸರಕು

ಹಡಗಿನ ಹೆಸರು ಎಸ್.ಎಸ್. ಫೋರ್ಟ್ ಸ್ಟಿಕೀನ್. 1942ರಲ್ಲಿ ಕೆನಡಾದಲ್ಲಿ ಕಟ್ಟಿದ, 7,142 ಟನ್ ಗಾತ್ರದ ಉಗಿಹಡಗು. 1944ರ ಫೆಬ್ರವರಿ 24ರಂದು ಇಂಗ್ಲೆಂಡಿನ ಬರ್ಕನ್‌ಹೆಡ್‌ನಿಂದ ಹೊರಟಿತು. ಅದರಲ್ಲಿ ಸುಮಾರು 1,400 ಟನ್ ಸ್ಫೋಟಕ ಸಾಮಗ್ರಿ ಇತ್ತು: ಟಾರ್ಪೆಡೊ, ಸಮುದ್ರ ಬಾಂಬು, ಫಿರಂಗಿ ಗುಂಡು, ಸಿಡಿಮದ್ದು. ಇದರಲ್ಲಿ 238 ಟನ್‌ನಷ್ಟು ಅತಿ ಸೂಕ್ಷ್ಮ ಎಂದು ವರ್ಗೀಕರಿಸಿದ ‘ಎ’ ದರ್ಜೆಯ ಸ್ಫೋಟಕ. ಜೊತೆಗೆ ಬಿಡಿಭಾಗಗಳಾಗಿ ಕಟ್ಟಿದ ಯುದ್ಧವಿಮಾನಗಳು ಮತ್ತು ಉಕ್ಕಿನ ಪೆಟ್ಟಿಗೆಗಳಲ್ಲಿ ಭದ್ರಪಡಿಸಿದ 124 ಚಿನ್ನದ ಗಟ್ಟಿಗಳೂ ಇದ್ದವು. ಒಂದೊಂದರ ತೂಕ 12 ಕಿಲೋಗ್ರಾಮ್‌ಗೂ ಹೆಚ್ಚು.

ಇಷ್ಟೇ ಆಗಿದ್ದರೆ ಅಪಾಯಕಾರಿ ಹಡಗು ಎನ್ನಬಹುದಿತ್ತು, ಅಷ್ಟೆ. ದಾರಿಯಲ್ಲಿ ಕರಾಚಿಯಲ್ಲಿ ಕೆಲವು ಸಾಮಾನು ಇಳಿಸಿದಾಗ ಜಾಗ ಖಾಲಿಯಾಯಿತು. ಯುದ್ಧಕಾಲದಲ್ಲಿ ಹಡಗಿನಲ್ಲಿ ಖಾಲಿ ಜಾಗ ಬಿಡುವುದು ಅಪರಾಧವೆಂಬಂತಿತ್ತು. ಆ ಜಾಗಕ್ಕೆ 8,700 ಹತ್ತಿಯ ಮೂಟೆ, ಕೀಲೆಣ್ಣೆಯ ಪೀಪಾಯಿ, ಮರದ ದಿಮ್ಮಿ, ಗಂಧಕ, ರಾಳ, ಅಕ್ಕಿ, ಗುಜರಿ ಕಬ್ಬಿಣ, ಮೀನಿನ ಗೊಬ್ಬರ ತುಂಬಿದರು. ಉರಿಯುವಂಥದ್ದು ಇಲ್ಲವೇ ಸಿಡಿಯುವಂಥದ್ದು ಎಲ್ಲವೂ ಈ ಹಡಗಿನಲ್ಲಿದೆ ಎಂದು ಅದರ ಅಧಿಕಾರಿಯೊಬ್ಬರು ಹೇಳಿದ್ದುಂಟು. ಎರಡನೆಯ ಸರಕುಕೋಣೆಯ ತಳದಲ್ಲಿ ಹತ್ತಿ, ಅದರ ಮೇಲಿನ ಅಂತಸ್ತಿನಲ್ಲಿ ಸ್ಫೋಟಕ. ಒಲೆಯ ಮೇಲೆ ಮಡಕೆ ಇಟ್ಟಂತಹ ಜೋಡಣೆ ಅದು. ಒಲೆ ಹೊತ್ತಿರಲಿಲ್ಲ ಎಂಬುದಷ್ಟೇ ಸಮಾಧಾನ.

ಹಡಗು ಏಪ್ರಿಲ್ 12ರಂದು ಮುಂಬಯಿ ತಲುಪಿ ವಿಕ್ಟೋರಿಯಾ ಡಾಕ್‌ನ ಒಂದನೆಯ ಧಕ್ಕೆಯಲ್ಲಿ ನಿಂತಿತು. ಶಾಂತಿಕಾಲದ ಪದ್ಧತಿಯಂತೆ ಸ್ಫೋಟಕ ತುಂಬಿದ ಹಡಗು ಬಂದರಿನ ಹೊರಗೆ ನಿಂತು ಸರಕನ್ನು ದೋಣಿಗಳಿಗೆ ಇಳಿಸಬೇಕು. ಯುದ್ಧದ ಅವಸರದಲ್ಲಿ ಈ ಕಟ್ಟುಪಾಡು ಸಡಿಲವಾಗಿತ್ತು. ಅಪಾಯಕಾರಿ ಸರಕಿದೆ ಎಂದು ಸಾರುವ ಕೆಂಪು ಬಾವುಟವನ್ನೂ ಹಾರಿಸಲಿಲ್ಲ. ಎರಡು ದಿನ ಕಳೆದರೂ ಸ್ಫೋಟಕಗಳು ಹಡಗಿನಲ್ಲೇ ಇದ್ದವು. ಪಕ್ಕದಲ್ಲಿ ಬೇರೆ ಹಡಗುಗಳು ನಿಂತಿದ್ದವು. ಧಕ್ಕೆಯ ಮೇಲೆ ನೂರಾರು ಕೂಲಿಕಾರರು ಎಂದಿನಂತೆ ದುಡಿಯುತ್ತಿದ್ದರು. ಯಾವ ಹಡಗಿನ ಪಕ್ಕದಲ್ಲಿ ಕೆಲಸ ಮಾಡುತ್ತಿದ್ದೇವೆ ಎಂಬುದು ಅವರಿಗೆ ಗೊತ್ತಿರಲಿಲ್ಲ.

ಎರಡು ಗಂಟೆಗಳ ಕಾಲ

ಏಪ್ರಿಲ್ 14, ಶುಕ್ರವಾರ. ಮಧ್ಯಾಹ್ನ ಸುಮಾರು 2 ಗಂಟೆಗೆ ಎರಡನೆಯ ಸರಕುಕೋಣೆಯಿಂದ ಹೊಗೆ ಏಳುತ್ತಿರುವುದು ಕಂಡಿತು. ಹಡಗಿನವರು, ಧಕ್ಕೆಯಲ್ಲಿದ್ದ ಅಗ್ನಿಶಾಮಕರು, ಅನಂತರ ಬಂದ ನಗರದ ದಳದವರು ನೀರು ಬಿಡತೊಡಗಿದರು. ದಟ್ಟ ಹೊಗೆಯ ನಡುವೆ ಬೆಂಕಿಯ ಮೂಲ ಎಲ್ಲಿದೆ ಎಂಬುದೇ ತಿಳಿಯಲಿಲ್ಲ. ಸುಮಾರು 900 ಟನ್ ನೀರನ್ನು ಒಳಗೆ ಸುರಿದರೂ ಬೆಂಕಿ ಆರಲಿಲ್ಲ. ಒಳಗಿನ ನೀರು ಕುದಿಯತೊಡಗಿತು.

ಮುಂದೇನು ಎಂಬ ಚರ್ಚೆ ಧಕ್ಕೆಯ ಮೇಲೆ ನಡೆಯಿತು. ಹಡಗನ್ನು ಅಲ್ಲೇ ಮುಳುಗಿಸಬೇಕೆಂದು ಒಂದು ಸಲಹೆ. ಎಳೆದು ತೆರೆದ ಸಮುದ್ರಕ್ಕೆ ಒಯ್ಯಬೇಕೆಂದು ಇನ್ನೊಂದು. ನೀರು ಹಾಯಿಸುತ್ತ ಹೋದರೆ ಸಾಕೆಂದು ಮತ್ತೊಂದು. ಹಡಗಿನ ಕಪ್ತಾನ ನೈಸ್ಮಿತ್, ಬಂದರಿನ ಅಧಿಕಾರಿಗಳು, ಸೇನೆಯ ಸ್ಫೋಟಕ ತಜ್ಞರು, ಅಗ್ನಿಶಾಮಕ ದಳದ ಮುಖ್ಯಸ್ಥರು ಎಲ್ಲರೂ ಅಲ್ಲಿದ್ದರು. ಒಬ್ಬೊಬ್ಬರಿಗೂ ಅವರವರ ಕ್ಷೇತ್ರದ ತಿಳಿವಳಿಕೆ ಇತ್ತು. ಎಲ್ಲರ ಮಾತನ್ನೂ ಕೇಳಿ ಹೀಗೇ ಮಾಡಿ ಎಂದು ಆಜ್ಞಾಪಿಸುವ ಒಬ್ಬ ಅಧಿಕಾರಿ ಇರಲಿಲ್ಲ. ಸಮಯ ಜಾರುತ್ತ ಹೋಯಿತು.

3 ಗಂಟೆ 50 ನಿಮಿಷಕ್ಕೆ ಹಡಗನ್ನು ಬಿಟ್ಟು ಇಳಿಯುವಂತೆ ಆಜ್ಞೆಯಾಯಿತು. 4 ಗಂಟೆ 6 ನಿಮಿಷಕ್ಕೆ ಮೊದಲ ಸ್ಫೋಟ. ಹಡಗು ಎರಡು ತುಂಡಾಯಿತು. 12 ಕಿಲೋಮೀಟರ್ ದೂರದ ಮನೆಗಳ ಕಿಟಕಿ ಗಾಜು ಒಡೆದವು. ಶಬ್ದ ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 340 ಮೀಟರ್ ಸಾಗುತ್ತದೆ. ಅಷ್ಟು ದೂರ ತಲುಪಲು ಅದಕ್ಕೆ ಅರ್ಧ ನಿಮಿಷಕ್ಕೂ ಹೆಚ್ಚು ಬೇಕು. ಅಷ್ಟು ಸಾಗಿ ಬಂದ ಮೇಲೂ ಅದಕ್ಕೆ ಗಾಜು ಒಡೆಯುವ ಬಲ ಉಳಿದಿತ್ತು. ಎದ್ದ ಅಲೆ ಸುಮಾರು 4,000 ಟನ್ನಿನ ‘ಜಲಪದ್ಮ’ ಎಂಬ ಹಡಗನ್ನು ಎತ್ತಿ ಧಕ್ಕೆಯ ಮೇಲೆ ಕೆಡವಿತು. 4 ಗಂಟೆ 34 ನಿಮಿಷಕ್ಕೆ ಎರಡನೆಯ ಸ್ಫೋಟವಾಯಿತು. ನೆಲದ ಕಂಪನವನ್ನು ಸಾವಿರ ಕಿಲೋಮೀಟರಿಗೂ ಆಚೆಯ ಶಿಮ್ಲಾದಲ್ಲಿದ್ದ ಉಪಕರಣವೂ ದಾಖಲಿಸಿತು. ಜಪಾನೀಯರು ಬಾಂಬು ಹಾಕಿದರೆಂದೇ ಊರಿನ ಹಲವರು ಭಾವಿಸಿದರು.

ನೀರಿಗೆ ಜಗ್ಗದ ಹತ್ತಿ

900 ಟನ್ ನೀರು ಸುರಿದರೂ ಹತ್ತಿಯ ಬೆಂಕಿ ಏಕೆ ಆರಲಿಲ್ಲ? ಹತ್ತಿಯ ಎಳೆ ಬಹುಪಾಲು ಸೆಲ್ಯುಲೋಸ್. ಕಟ್ಟಿಗೆ, ಹುಲ್ಲು, ಕಾಗದಗಳಲ್ಲೂ ಇರುವುದು ಅದೇ. ಕಟ್ಟಿಗೆಯಲ್ಲಿ ಅದು ಗಟ್ಟಿಯಾಗಿ ಒತ್ತಿಕೊಂಡಿದ್ದರೆ ಹತ್ತಿಯಲ್ಲಿ ನವಿರಾದ ಎಳೆಗಳಾಗಿ ಹರಡಿಕೊಂಡಿದೆ. ಎಳೆಯ ತೂಕಕ್ಕೆ ಹೋಲಿಸಿದರೆ ಅದರ ಮೈ ಬಹಳ ವಿಶಾಲ. ಗಾಳಿಯ ಆಕ್ಸಿಜನ್ ಎಲ್ಲ ಕಡೆಯಿಂದಲೂ ಸುಲಭವಾಗಿ ತಾಗುತ್ತದೆ.

ಯಂತ್ರದಲ್ಲಿ ಒತ್ತಿ ಮೂಟೆ ಕಟ್ಟಿದಾಗ ಈ ಗುಣ ಮರೆಯಾದಂತೆ ಕಾಣುತ್ತದೆ. ಬಿಗಿಯಾದ ಮೂಟೆಗೆ ಬೆಂಕಿ ತಾಗಿದರೆ ಹೊರಮೈ ಮಾತ್ರ ಸುಟ್ಟು ಕಪ್ಪಾಗುತ್ತದೆ. ಆದರೆ ಎಳೆಗಳ ನಡುವೆ ಗಾಳಿ ಸಿಕ್ಕಿಕೊಂಡಿರುತ್ತದೆ. ಕಿಡಿ ಒಳಸೇರಿದರೆ ಜ್ವಾಲೆ ಇಲ್ಲದ ನಿಧಾನವಾದ ಉರಿ ಶುರುವಾಗುತ್ತದೆ. ಕುಂಬಾರನ ಆವಿಗೆಯಲ್ಲಿ, ಊದಿನಕಡ್ಡಿಯ ತುದಿಯಲ್ಲಿ ನಾವು ಕಾಣುವ ಉರಿ ಇಂಥದೇ. ಇಂತಹ ಉರಿ ಸಾಮಾನ್ಯವಾಗಿ ನಿಮಿಷಕ್ಕೆ ಒಂದು ಮಿಲಿಮೀಟರಿನ ಆಸುಪಾಸಿನ ವೇಗದಲ್ಲಿ ಹರಿದಾಡುತ್ತದೆ. ಮೂಟೆಯೊಳಗೆ ಅದು ದಿನಗಟ್ಟಲೆ, ಕೆಲವೊಮ್ಮೆ ವಾರಗಟ್ಟಲೆ ಹುದುಗಿರಬಲ್ಲದು.

ನೀರಿನ ಕಥೆ ಇನ್ನೂ ವಿಚಿತ್ರ. ಹಸಿ ಹತ್ತಿಯ ಎಳೆಗೆ ತೆಳುವಾದ ಮೇಣದ ಲೇಪವಿದೆ. ಗಾಯಕ್ಕೆ ಬಳಸುವ ಹತ್ತಿ ನೀರು ಹೀರುವುದು ಆ ಮೇಣವನ್ನು ತೆಗೆದುಹಾಕಿರುವುದರಿಂದ. ಮಾರುಕಟ್ಟೆಯ ಹತ್ತಿ ಹಾಗಲ್ಲ. ಅದರ ಮೂಟೆಯ ಮೇಲೆ ಸುರಿದ ನೀರು ಹೊರಗಿನಿಂದ ಹರಿದುಹೋಗುತ್ತದೆ. ಒಳಗಿನ ಕೆಂಡ ಒಣಗಿಯೇ ಉಳಿಯುತ್ತದೆ. ಅಲ್ಲದೆ ಮೂಟೆಯ ಸಾಂದ್ರತೆ ನೀರಿನ ಸಾಂದ್ರತೆಯ ಅರ್ಧಕ್ಕಿಂತ ಕಡಿಮೆ. ಆದ್ದರಿಂದ ಅದು ತೇಲುತ್ತದೆ. ಫೋರ್ಟ್ ಸ್ಟಿಕೀನ್‌ನ ಕೋಣೆಯಲ್ಲಿ ನೀರಿನ ಮಟ್ಟ ಏರಿದಂತೆಲ್ಲ ಉರಿಯುವ ಮೂಟೆಗಳು ಮೇಲೇರಿದವು. ಮೇಲೆ ಏನಿತ್ತು ಎಂಬುದನ್ನು ಆಗಲೇ ಹೇಳಿದೆ. ಬೆಂಕಿ ಆರಿಸಲು ಸುರಿದ ನೀರೇ ಬೆಂಕಿಯನ್ನು ಸ್ಫೋಟಕಗಳ ಸಮೀಪಕ್ಕೆ ಎತ್ತಿ ಕೊಟ್ಟಿತು.

ಇಂತಹ ಬೆಂಕಿಗೆ ಇನ್ನೊಂದು ಉಪಾಯವಿತ್ತು. ಕೋಣೆಯ ಬಾಗಿಲುಗಳನ್ನು ಭದ್ರವಾಗಿ ಮುಚ್ಚಿ ಒಳಕ್ಕೆ ಹಬೆ ಹಾಯಿಸಿದರೆ ಅದು ಗಾಳಿಯನ್ನು ಹೊರದಬ್ಬುತ್ತದೆ. ಆಕ್ಸಿಜನ್ ಸಿಗದೆ ಉರಿ ಕುಗ್ಗುತ್ತದೆ. ಹಡಗಿನಲ್ಲಿ ಅದಕ್ಕೆ ವ್ಯವಸ್ಥೆ ಇದ್ದರೂ ಬಳಸಲಿಲ್ಲ.

ಉರಿಯುವುದು ಬೇರೆ, ಸಿಡಿಯುವುದು ಬೇರೆ

ಹತ್ತಿ ಉರಿಯಲು ಹೊರಗಿನ ಆಕ್ಸಿಜನ್ ಬೇಕು. ಸ್ಫೋಟಕಕ್ಕೆ ಅದು ಬೇಕಿಲ್ಲ. ಟಿಎನ್‌ಟಿಯಂತಹ ಸ್ಫೋಟಕದ ಅಣುವಿನಲ್ಲೇ ಇಂಗಾಲ, ಹೈಡ್ರೊಜನ್‌ಗಳ ಜೊತೆ ಆಕ್ಸಿಜನ್ ಕೂಡ ಕಟ್ಟಿಕೊಂಡಿರುತ್ತದೆ. ಸಾಕಷ್ಟು ಬಲವಾದ ಪೆಟ್ಟು ಬಿದ್ದರೆ ಅಣು ಒಡೆದು ಪರಮಾಣುಗಳು ಹೊಸದಾಗಿ ಜೋಡಣೆಯಾಗುತ್ತವೆ. ಘನವಸ್ತು ಕ್ಷಣಾರ್ಧದಲ್ಲಿ ಬಿಸಿ ಅನಿಲವಾಗಿ ಮಾರ್ಪಡುತ್ತದೆ. ಈ ಕ್ರಿಯೆ ಟಿಎನ್‌ಟಿಯಲ್ಲಿ ಸೆಕೆಂಡಿಗೆ ಸುಮಾರು 6,900 ಮೀಟರ್ ವೇಗದಲ್ಲಿ ಹರಡುತ್ತದೆ. ಇದು ಗಾಳಿಯಲ್ಲಿ ಶಬ್ದದ ವೇಗದ ಇಪ್ಪತ್ತು ಪಟ್ಟು. ಇದನ್ನು ಆಸ್ಫೋಟನೆ (ಡೆಟೊನೇಷನ್) ಎನ್ನುತ್ತಾರೆ. ಎದುರಿಗಿರುವ ಗಾಳಿಗೆ ಸರಿದುಕೊಳ್ಳಲು ಸಮಯವೇ ಇರುವುದಿಲ್ಲ. ಅದು ಗೋಡೆಯಂತೆ ಒತ್ತಿಕೊಂಡು ಮುನ್ನುಗ್ಗುತ್ತದೆ. ಕಟ್ಟಡಗಳನ್ನು ಕೆಡವುವುದು ಈ ಆಘಾತ ತರಂಗ.

ಟಿಎನ್‌ಟಿಯ ಚೂರೊಂದನ್ನು ಬಯಲಿನಲ್ಲಿ ಹೊತ್ತಿಸಿದರೆ ಸಾಮಾನ್ಯವಾಗಿ ಹೊಗೆ ಕಾರುತ್ತ ಉರಿದುಹೋಗುತ್ತದೆ. ಆದರೆ ದೊಡ್ಡ ರಾಶಿಯಾಗಿ, ಮುಚ್ಚಿದ ಜಾಗದಲ್ಲಿ, ಉಕ್ಕಿನ ಕವಚದೊಳಗೆ ಇದ್ದು ಕಾಯುತ್ತ ಹೋದರೆ ಅನಿಲದ ಒತ್ತಡ ಏರುತ್ತದೆ, ಕ್ರಿಯೆಯ ವೇಗ ಹೆಚ್ಚುತ್ತದೆ, ಉರಿ ಆಸ್ಫೋಟನೆಯಾಗಿ ತಿರುಗಬಹುದು. ಒಂದು ಭಾಗ ಸಿಡಿದರೆ ಅದರ ಆಘಾತವೇ ಪಕ್ಕದ್ದನ್ನು ಸಿಡಿಸುತ್ತದೆ. ಫೋರ್ಟ್ ಸ್ಟಿಕೀನ್‌ನಲ್ಲಿ ಈ ಷರತ್ತುಗಳೆಲ್ಲವೂ ಒಟ್ಟಾಗಿದ್ದವು. ಕಾಯಿಸುವ ಕೆಲಸವನ್ನು ಹತ್ತಿ ಮಾಡಿತು.

ಹಾನಿ

ವಿಕ್ಟೋರಿಯಾ ಮತ್ತು ಪ್ರಿನ್ಸೆಸ್ ಡಾಕ್‌ಗಳು ಧ್ವಂಸವಾದವು. ಹತ್ತಕ್ಕೂ ಹೆಚ್ಚು ಹಡಗುಗಳು ಮುಳುಗಿದವು ಇಲ್ಲವೇ ಕೆಲಸಕ್ಕೆ ಬಾರದಂತಾದವು. ಉರಿಯುವ ಹತ್ತಿಯ ಮೂಟೆಗಳೂ ಕಾದ ಲೋಹದ ಚೂರುಗಳೂ ಆಕಾಶಕ್ಕೆ ಹಾರಿ ಗೋದಾಮು, ಮನೆಗಳ ಮೇಲೆ ಬಿದ್ದವು. ಸುಮಾರು ಎರಡು ಚದರ ಕಿಲೋಮೀಟರ್ ಪ್ರದೇಶ ಹೊತ್ತಿಕೊಂಡಿತು. ಬೆಂಕಿ ಹತೋಟಿಗೆ ಬರಲು ಮೂರು ದಿನ ಬೇಕಾಯಿತು.

ಸತ್ತವರ ಲೆಕ್ಕ 800ರಿಂದ 1,300ರವರೆಗೆ ಬೇರೆ ಬೇರೆ ರೀತಿಯಲ್ಲಿ ದಾಖಲಾಗಿದೆ. ಲೆಕ್ಕದಲ್ಲಿ ಇಷ್ಟು ಅಂತರವಿರಲು ಕಾರಣವಿದೆ. ದಿನಗೂಲಿಯವರ ಹೆಸರು ಯಾವ ಪಟ್ಟಿಯಲ್ಲೂ ಇರುತ್ತಿರಲಿಲ್ಲ. ಸುಮಾರು 2,500 ಮಂದಿ ಗಾಯಗೊಂಡರು, 80,000 ಮಂದಿ ಮನೆ ಕಳೆದುಕೊಂಡರು, 50,000 ಮಂದಿಯ ಕೆಲಸ ಹೋಯಿತು. 50,000 ಟನ್‌ಗೂ ಹೆಚ್ಚು ಆಹಾರಧಾನ್ಯ ಸುಟ್ಟುಹೋಯಿತು. ಕ್ಷಾಮದ ನೆನಪು ಹಸಿಯಾಗಿದ್ದ ಕಾಲದಲ್ಲಿ ಇದು ಚಿಕ್ಕ ನಷ್ಟವಲ್ಲ. ನಗರದಲ್ಲಿ ಧಾನ್ಯದ ಕಾಳಸಂತೆ ಬೆಳೆಯಿತು.

8,000 ಜನ ಏಳು ತಿಂಗಳು ದುಡಿದು ಸುಮಾರು 5,00,000 ಟನ್ ಅವಶೇಷಗಳನ್ನು ತೆಗೆದ ಮೇಲೆ ಡಾಕ್‌ಗಳು ಮತ್ತೆ ಬಳಕೆಗೆ ಬಂದವು. ಹೂಳೆತ್ತುವಾಗ ಚಿನ್ನದ ಗಟ್ಟಿಗಳು ಸಿಗುವುದು ದಶಕಗಳವರೆಗೂ ನಡೆಯಿತು. ಈ ಘಟನೆಯ ಬಗ್ಗೆ ಮಾತನಾಡುವಾಗ ಜನ ಮೊದಲು ಹೇಳುವುದು ಚಿನ್ನದ ಕಥೆಯನ್ನೇ. ಹತ್ತಿಯ ಕಥೆಯನ್ನು ಹೇಳುವವರು ಕಡಿಮೆ.

ಸುದ್ದಿಯೂ ತಡವಾಯಿತು. ಬ್ರಿಟಿಷ್ ಸರ್ಕಾರ ವಿವರಗಳನ್ನು ತಡೆಹಿಡಿಯಿತು. ಮರುದಿನವೇ ಜಪಾನೀಯರ ಹಿಡಿತದಲ್ಲಿದ್ದ ಸೈಗಾನ್ ರೇಡಿಯೊ ಸುದ್ದಿಯನ್ನು ಬಿತ್ತರಿಸಿತು. ಪತ್ರಕರ್ತರಿಗೆ ಹೊರದೇಶಗಳಿಗೆ ವರದಿ ಕಳುಹಿಸಲು ಅನುಮತಿ ಸಿಕ್ಕಿದ್ದು ಮೇ ತಿಂಗಳ ಎರಡನೆಯ ವಾರದಲ್ಲಿ.

ವಿಚಾರಣೆ ಹೇಳಿದ್ದು

ಸರ್ಕಾರ ನಡೆಸಿದ ವಿಚಾರಣೆಯಲ್ಲಿ ಶತ್ರುವಿನ ಕೈವಾಡ ಕಾಣಲಿಲ್ಲ. ಬೆಂಕಿ ಹತ್ತಿಯಲ್ಲಿ ಹುಟ್ಟಿರಬೇಕು ಎಂಬ ನಿರ್ಣಯಕ್ಕೆ ಬರಲಾಯಿತು. ತಪ್ಪುಗಳ ಪಟ್ಟಿ ಹೀಗಿದೆ: ಸ್ಫೋಟಕಗಳ ಕೆಳಗೆ ಹತ್ತಿ ತುಂಬಿದ್ದು, ಕೆಂಪು ಬಾವುಟ ಹಾರಿಸದಿದ್ದು, ಸ್ಫೋಟಕಗಳನ್ನು ಇಳಿಸಲು ತಡ ಮಾಡಿದ್ದು, ಹಬೆಯನ್ನು ಬಳಸದಿದ್ದು, ನಗರದ ಅಗ್ನಿಶಾಮಕ ದಳಕ್ಕೆ ತಡವಾಗಿ ತಿಳಿಸಿದ್ದು.

ಈ ಐದನ್ನು ಒಮ್ಮೆ ಪರಿಶೀಲಿಸಿ. ಇವುಗಳಲ್ಲಿ ಯಾವುದೂ ಆಗಿನ ವಿಜ್ಞಾನಕ್ಕೆ ತಿಳಿಯದ ಸಂಗತಿ ಅಲ್ಲ. ಹತ್ತಿಯ ಬೆಂಕಿಯ ಸ್ವಭಾವ ಹತ್ತಿ ವ್ಯಾಪಾರಿಗೆ ಗೊತ್ತಿತ್ತು. ಸ್ಫೋಟಕದ ಸ್ವಭಾವ ಸೇನೆಗೆ ಗೊತ್ತಿತ್ತು. ಬಂದರಿನ ನಿಯಮ ಬಂದರಿನವರಿಗೆ ಗೊತ್ತಿತ್ತು. ಈ ಮೂರು ತಿಳಿವಳಿಕೆಗಳು ಒಂದೆಡೆ ಸೇರುವಂತೆ ಯಾರೂ ಮಾಡಲಿಲ್ಲ. ಕೊನೆಗೆ ಕೊಳವೆ ಹಿಡಿದು ನಿಂತವರಿಗೆ ತಾವು ಯಾವುದರ ಮೇಲೆ ನಿಂತಿದ್ದೇವೆ ಎಂಬುದು ಪೂರ್ತಿಯಾಗಿ ತಿಳಿದಿರಲಿಲ್ಲ.

ಅದೇ ಮದ್ದು ಬೇರೆ ರೋಗಕ್ಕೆ

ಸರಿಯಾಗಿ ಮೂರು ವರ್ಷಗಳ ಮೇಲೆ ಎರಡು ದಿನ, 1947ರ ಏಪ್ರಿಲ್ 16. ಅಮೆರಿಕದ ಟೆಕ್ಸಸ್ ಸಿಟಿ ಎಂಬ ಬಂದರು ಪಟ್ಟಣ. ಅಲ್ಲಿ ನಿಂತಿದ್ದ ಗ್ರಾಂಕಾಂ ಎಂಬ ಹಡಗಿನಲ್ಲಿ ಕಾಗದದ ಚೀಲಗಳಲ್ಲಿ ತುಂಬಿದ ಎರಡು ಸಾವಿರ ಟನ್‌ಗೂ ಹೆಚ್ಚು ಅಮೋನಿಯಂ ನೈಟ್ರೇಟ್ ಇತ್ತು. ಯುದ್ಧದಿಂದ ಜರ್ಜರಿತವಾದ ಯುರೋಪಿನ ಹೊಲಗಳಿಗೆ ಹೋಗಬೇಕಿದ್ದ ಗೊಬ್ಬರ. ಬೆಳಗ್ಗೆ 8 ಗಂಟೆಯ ಹೊತ್ತಿಗೆ ಹೊಗೆ ಕಂಡಿತು. ಹೆಚ್ಚು ನೀರು ಹಾಕಿದರೆ ಸರಕು ಹಾಳಾದೀತೆಂದು ಕಪ್ತಾನ ಬಾಗಿಲುಗಳನ್ನು ಮುಚ್ಚಿಸಿ ಹಬೆ ಬಿಡಿಸಿದ.

ಮುಂಬಯಿಯ ಹತ್ತಿಗೆ ಮಾಡಬೇಕಿದ್ದ ಉಪಚಾರ ಇದೇ. ಇಲ್ಲಿ ಅದರಿಂದಲೇ ಅನಾಹುತವಾಯಿತು. ಅಮೋನಿಯಂ ನೈಟ್ರೇಟಿನ ನೈಟ್ರೇಟ್ ಭಾಗದಲ್ಲಿ ಆಕ್ಸಿಜನ್ ಇದೆ. ಗಾಳಿಯನ್ನು ಹೊರಗಟ್ಟಿದರೂ ಉರಿಗೆ ಬೇಕಾದದ್ದನ್ನು ಅದೇ ಒದಗಿಸುತ್ತದೆ. ಬಿಸಿ ಹಬೆ ಅದನ್ನು ಇನ್ನಷ್ಟು ಕಾಯಿಸಿತು. ಮುಚ್ಚಿದ ಬಾಗಿಲು ಒತ್ತಡವನ್ನು ಹೆಚ್ಚಿಸಿತು. ಈ ವಸ್ತುವಿಗೆ ಬೇಕಾದದ್ದು ತೆರೆದ ಬಾಗಿಲು ಮತ್ತು ಆರಂಭದಲ್ಲೇ ಧಾರಾಳ ನೀರು. 9 ಗಂಟೆ 12 ನಿಮಿಷಕ್ಕೆ ಹಡಗು ಸಿಡಿಯಿತು. ಕನಿಷ್ಠ 581 ಮಂದಿ ಸತ್ತರು. ಪಟ್ಟಣದ ಅಗ್ನಿಶಾಮಕ ದಳದ 28 ಮಂದಿಯಲ್ಲಿ 27 ಮಂದಿ ಆ ಒಂದು ಕ್ಷಣದಲ್ಲಿ ಇಲ್ಲವಾದರು.

ಮುಂಬಯಿಯಲ್ಲಿ ಹಬೆ ಬಿಡದಿದ್ದುದು ತಪ್ಪು, ಟೆಕ್ಸಸ್ ಸಿಟಿಯಲ್ಲಿ ಬಿಟ್ಟದ್ದು ತಪ್ಪು. ಬೆಂಕಿ ಆರಿಸುವ ವಿದ್ಯೆಯಲ್ಲಿ ಮೊದಲ ಪ್ರಶ್ನೆ ‘ಹೇಗೆ ಆರಿಸಲಿ’ ಎಂಬುದಲ್ಲ, ‘ಏನು ಉರಿಯುತ್ತಿದೆ, ಪಕ್ಕದಲ್ಲಿ ಏನಿದೆ’ ಎಂಬುದು.

ಈ ಪಾಠ ಕಲಿಯಲು ಜಗತ್ತಿಗೆ ಇನ್ನೂ ಸಾಧ್ಯವಾಗಿಲ್ಲ. 2015ರ ಆಗಸ್ಟ್ 12ರಂದು ಚೀನಾದ ತಿಯಾಂಜಿನ್ ಬಂದರಿನ ರಾಸಾಯನಿಕ ಗೋದಾಮು ಸಿಡಿದು 173 ಮಂದಿ ಸತ್ತರು ಇಲ್ಲವೇ ಕಣ್ಮರೆಯಾದರು. ಅವರಲ್ಲಿ ಅರ್ಧಕ್ಕಿಂತ ಹೆಚ್ಚು ಮಂದಿ ಅಗ್ನಿಶಾಮಕರು. 2020ರ ಆಗಸ್ಟ್ 4ರಂದು ಲೆಬನಾನಿನ ಬೈರೂತ್ ಬಂದರಿನಲ್ಲಿ 2,750 ಟನ್ ಅಮೋನಿಯಂ ನೈಟ್ರೇಟ್ ಸಿಡಿದು 200ಕ್ಕೂ ಹೆಚ್ಚು ಜನ ಸತ್ತರು. ಅದು ವರ್ಷಗಟ್ಟಲೆ ಅಲ್ಲೇ ಬಿದ್ದಿತ್ತು. ಮೊದಲು ಹೊತ್ತಿದ ಬೆಂಕಿಯನ್ನು ಆರಿಸಲು ಹತ್ತು ಮಂದಿಯ ತಂಡ ಹೋಯಿತು. ಒಳಗೆ ಏನಿದೆ ಎಂದು ಅವರಿಗೆ ಯಾರೂ ಹೇಳಿರಲಿಲ್ಲ. ಹತ್ತೂ ಜನ ಸತ್ತರು.

ಬಂದರಿಲ್ಲದ ನಮ್ಮ ಸೀಮೆ

ಬಳ್ಳಾರಿಗೆ ಸಮುದ್ರವಿಲ್ಲ. ಹಾಗೆಂದು ಈ ಪ್ರಶ್ನೆ ನಮಗೆ ಸಂಬಂಧಿಸಿದ್ದಲ್ಲ ಎನ್ನುವಂತಿಲ್ಲ. ಬಂದರಿನಲ್ಲಿ ಒಟ್ಟಾಗುವ ಸರಕುಗಳು ಹುಟ್ಟುವುದು, ಬಳಕೆಯಾಗುವುದು ಒಳನಾಡಿನಲ್ಲೇ.

ಮೊದಲು ಹತ್ತಿ. ಜಿನ್ನಿಂಗ್ ಗಿರಣಿಯಲ್ಲಿ ಹತ್ತಿಯ ಜೊತೆ ಬಂದ ಕಲ್ಲು ಅಥವಾ ಕಬ್ಬಿಣದ ಚೂರು ಯಂತ್ರಕ್ಕೆ ತಾಗಿ ಕಿಡಿ ಹುಟ್ಟಬಹುದು. ಆ ಕಿಡಿ ಕಾಣದಂತೆ ಮೂಟೆಯೊಳಗೆ ಸೇರಿಹೋದರೆ ಮುಂದಿನ ಕಥೆ ಮೇಲೆ ವಿವರಿಸಿದಂತೆಯೇ. ಬೆಂಕಿ ತಗುಲಿದ ಸಂಶಯವಿರುವ ಮೂಟೆಯನ್ನು ಹೊರಗಿನಿಂದ ನೀರು ಹಾಕಿ ‘ಆರಿತು’ ಎಂದು ಮತ್ತೆ ರಾಶಿಗೆ ಸೇರಿಸಬಾರದು. ಬಯಲಿಗೆ ಒಯ್ದು ಬೇರೆ ಇಟ್ಟು, ಅಗ್ನಿಶಾಮಕರ ಸಮ್ಮುಖದಲ್ಲಿ ಬಿಚ್ಚಿ, ಹಲವು ದಿನ ಕಾಯಬೇಕು. ಜೀನ್ಸ್ ಬಟ್ಟೆ ಹೊಲಿಯುವ ಬಳ್ಳಾರಿಯ ಕಿರಿದಾದ ಕಟ್ಟಡಗಳಲ್ಲಿ ರಾಶಿ ಬೀಳುವ ಹತ್ತಿ ಬಟ್ಟೆಯ ತುಂಡುಗಳಿಗೂ ಇದೇ ಸ್ವಭಾವ.

ಎರಡನೆಯದು ಭತ್ತ. ತುಂಗಭದ್ರೆಯ ನೀರಾವರಿಯ ಸಿರುಗುಪ್ಪ ಸೀಮೆಯಲ್ಲಿ ಅಕ್ಕಿ ಗಿರಣಿಗಳು ಹಲವು. ಭತ್ತದ ತೂಕದ ಐದನೆಯ ಒಂದು ಪಾಲು ಹೊಟ್ಟು. ಹೊಟ್ಟಿನ ಐದನೆಯ ಒಂದು ಪಾಲು ಬೂದಿ, ಅದರಲ್ಲಿ ಹೆಚ್ಚಿನದು ಸಿಲಿಕಾ. ಈ ಸಿಲಿಕಾ ಬೂದಿ ಕೆಂಡದ ಮೇಲೆ ಕಂಬಳಿಯಂತೆ ಹೊದ್ದುಕೊಂಡು ಶಾಖವನ್ನು ಹಿಡಿದಿಡುತ್ತದೆ. ಹೊಟ್ಟಿನ ರಾಶಿ ತಣ್ಣಗಿದೆಯೆಂದು ಮೇಲೆ ಕಾಲಿಟ್ಟವರು ಒಳಗಿನ ಕೆಂಡಕ್ಕೆ ಸಿಲುಕುವುದು ಇದರಿಂದಲೇ.

ಗೊಬ್ಬರದ ಬಗ್ಗೆ ಅನಗತ್ಯ ಭಯ ಬೇಡ. ನಮ್ಮ ರೈತರು ಹೆಚ್ಚಾಗಿ ಬಳಸುವ ಯೂರಿಯಾ ಅಮೋನಿಯಂ ನೈಟ್ರೇಟಿನಂತೆ ಆಕ್ಸಿಜನ್ ಒದಗಿಸುವ ವಸ್ತುವಲ್ಲ. ಅದರ ಚೀಲ ತಾನಾಗಿ ಸಿಡಿಯುವುದಿಲ್ಲ. ಅಮೋನಿಯಂ ನೈಟ್ರೇಟನ್ನು ನಮ್ಮಲ್ಲಿ ಕಲ್ಲು ಮತ್ತು ಅದಿರು ಒಡೆಯುವ ಸ್ಫೋಟಕಗಳ ತಯಾರಿಕೆಗೆ ಬಳಸುತ್ತಾರೆ. ಸಂಡೂರಿನ ಕಬ್ಬಿಣದ ಅದಿರಿನ ಗುಡ್ಡಗಳಿರಲಿ, ಕುರುಗೋಡಿನಂತಹ ಊರುಗಳ ಸುತ್ತಲಿನ ಗಟ್ಟಿ ಗ್ರಾನೈಟ್ ಬಂಡೆಯಿರಲಿ, ಅದನ್ನು ಒಡೆಯಬೇಕಾದರೆ ಸ್ಫೋಟಕ ಬೇಕೇ ಬೇಕು. ಅಮೋನಿಯಂ ನೈಟ್ರೇಟ್ ಇಂಧನ ತೈಲದೊಡನೆ ಬೆರೆತರೆ ಬಂಡೆ ಸೀಳುವ ಸ್ಫೋಟಕವಾಗುತ್ತದೆ.

ಇದಕ್ಕೆ ಕಾನೂನಿನ ಕಟ್ಟು ಇದೆ. 1884ರ ಸ್ಫೋಟಕಗಳ ಕಾಯಿದೆ, ಅದರಡಿಯ 2008ರ ಸ್ಫೋಟಕಗಳ ನಿಯಮಗಳು, 2012ರ ಅಮೋನಿಯಂ ನೈಟ್ರೇಟ್ ನಿಯಮಗಳು ದಾಸ್ತಾನು, ಸಾಗಣೆ, ಲೆಕ್ಕಪತ್ರ ಎಲ್ಲಕ್ಕೂ ಮಿತಿ ಹಾಕಿವೆ. ಅಪಾಯಕಾರಿ ಸರಕು ಒಯ್ಯುವ ವಾಹನದ ಮೇಲೆ ಅದೇನೆಂದು ತಿಳಿಸುವ ಫಲಕ ಇರಬೇಕೆಂದು 1989ರ ಕೇಂದ್ರ ಮೋಟಾರು ವಾಹನ ನಿಯಮಗಳು ಹೇಳುತ್ತವೆ. ಹೆದ್ದಾರಿಯ ಟ್ಯಾಂಕರುಗಳ ಹಿಂಬದಿಯಲ್ಲಿ ಸಂಖ್ಯೆ ಮತ್ತು ಚಿಹ್ನೆಗಳಿರುವ ಚೌಕಾಕಾರದ ಫಲಕವನ್ನು ನೀವು ಕಂಡಿರಬಹುದು. ಫೋರ್ಟ್ ಸ್ಟಿಕೀನ್ ಹಾರಿಸದೆ ಬಿಟ್ಟ ಕೆಂಪು ಬಾವುಟದ ಕೆಲಸವನ್ನು ಇಂದು ಆ ಫಲಕ ಮಾಡುತ್ತದೆ.

ಬಾವುಟವನ್ನು ಮರೆಮಾಚಿದರೆ ಏನಾಗುತ್ತದೆ ಎಂಬುದನ್ನು ಕರ್ನಾಟಕ 2021ರಲ್ಲಿ ಎರಡು ಸಲ ಕಂಡಿತು. ಜನವರಿ 21ರ ರಾತ್ರಿ ಶಿವಮೊಗ್ಗದ ಬಳಿಯ ಹುಣಸೋಡಿನಲ್ಲಿ ಕಲ್ಲುಗಣಿಗೆ ಸಂಬಂಧಿಸಿದ ಸ್ಫೋಟಕ ಲಾರಿಯಲ್ಲೇ ಸಿಡಿಯಿತು. ಸುತ್ತಲಿನ ಜಿಲ್ಲೆಗಳ ಜನ ಭೂಕಂಪವೆಂದು ಮನೆಯಿಂದ ಹೊರಗೆ ಓಡಿ ಬಂದರು. ಒಂದು ತಿಂಗಳು ಕಳೆದು, ಫೆಬ್ರವರಿ 23ರಂದು ಚಿಕ್ಕಬಳ್ಳಾಪುರ ಜಿಲ್ಲೆಯ ಹಿರೇನಾಗವಲ್ಲಿಯಲ್ಲಿ ಅಕ್ರಮವಾಗಿ ಇರಿಸಿದ್ದ ಜಿಲೆಟಿನ್ ಕಡ್ಡಿಗಳನ್ನು ಸಾಗಹಾಕಲು ಹೋದಾಗ ಅವು ಸಿಡಿದು ಆರು ಮಂದಿ ಸತ್ತರು. ಪರವಾನಗಿ ಇಲ್ಲದ ದಾಸ್ತಾನಿಗೆ ಬಾವುಟವೂ ಇಲ್ಲ, ಫಲಕವೂ ಇಲ್ಲ. ನೆರೆಯವರಿಗೆ, ಅದನ್ನು ಮುಟ್ಟುವ ಕೂಲಿಯವನಿಗೆ, ಬೆಂಕಿ ಆರಿಸಲು ಬರುವವನಿಗೆ ಅದು ಇದೆ ಎಂಬುದೇ ತಿಳಿದಿರುವುದಿಲ್ಲ.

ನಾವು ಮಾಡಬಹುದಾದದ್ದು

ಗೋದಾಮು, ಗಿರಣಿ, ಕ್ವಾರಿಗಳ ಮಾಲೀಕರು ಮಾಡಬೇಕಾದ ಕೆಲಸ ದುಬಾರಿಯದ್ದೇನಲ್ಲ. ಒಳಗೆ ಯಾವ ವಸ್ತು ಎಷ್ಟಿದೆ ಎಂಬ ಪಟ್ಟಿಯನ್ನು ಕನ್ನಡದಲ್ಲಿ ದೊಡ್ಡಕ್ಷರಗಳಲ್ಲಿ ಬಾಗಿಲ ಹೊರಗೆ ಹಾಕಬೇಕು. ಉರಿಯುವುದನ್ನೂ ಉರಿಗೆ ಆಕ್ಸಿಜನ್ ಕೊಡುವುದನ್ನೂ ಒಂದೇ ಸೂರಿನಡಿ ಇಡಬಾರದು. ಜಾಗ ಖಾಲಿ ಇದೆ ಎಂಬುದು ತುಂಬಲು ಕಾರಣವಾಗಬಾರದು. ಹೊಗೆ ಕಂಡ ಕೂಡಲೇ 101 ಅಥವಾ 112ಕ್ಕೆ ಕರೆ ಮಾಡಬೇಕು. ‘ನಾವೇ ಆರಿಸಿ ನೋಡೋಣ’ ಎಂದು ಕಾಯಬಾರದು. ಕರೆ ಮಾಡುವಾಗ ಸ್ಥಳದ ಜೊತೆ ಏನು ಉರಿಯುತ್ತಿದೆ ಎಂಬುದನ್ನೂ ಹೇಳಬೇಕು. ಪಕ್ಕದಲ್ಲಿ ಅಪಾಯಕಾರಿ ವಸ್ತು ಇದ್ದರೆ, ಅದು ಪರವಾನಗಿ ಇಲ್ಲದ್ದೇ ಆಗಿದ್ದರೂ, ಮುಚ್ಚಿಡಬಾರದು. ದಂಡ ಕಟ್ಟಬೇಕಾಗುತ್ತದೆ ಎಂಬ ಭಯದಲ್ಲಿ ಮುಚ್ಚಿಟ್ಟ ಒಂದು ಮಾತಿಗೆ ಇನ್ನೊಬ್ಬನ ಜೀವ ಹೋಗಬಹುದು.

ಶಾಲೆಗಳ ಶಿಕ್ಷಕರು ಅಗ್ನಿಶಾಮಕ ಸಪ್ತಾಹದ ಪ್ರದರ್ಶನಕ್ಕೆ ಮಕ್ಕಳನ್ನು ಕರೆದೊಯ್ದಾಗ ಸೈರನ್, ನೀರಿನ ಕಾರಂಜಿಗಳ ಜೊತೆ 1944ರ ಕಥೆಯನ್ನೂ ಹೇಳಲಿ. ಅಂದು ವಿಕ್ಟೋರಿಯಾ ಡಾಕ್‌ನಲ್ಲಿ ಸತ್ತ 66 ಮಂದಿಗೆ ಧೈರ್ಯದ ಕೊರತೆ ಇರಲಿಲ್ಲ, ನೀರಿನ ಕೊರತೆಯೂ ಇರಲಿಲ್ಲ. ಕೊರತೆಯಾದದ್ದು ಮಾಹಿತಿ. ಅದನ್ನು ಸಮಯಕ್ಕೆ ಒದಗಿಸುವುದು ಸರಕನ್ನು ಇಟ್ಟುಕೊಂಡವರ ಕೆಲಸ.